ಬಾಕಿ ಇದೆ ಎಂದು ತೀರ್ಮಾನಿಸಿದವರು ಯಾರು?

(ಸರ್ಕಾರಿ ವಸೂಲಾತಿ ನೋಟಿಸುಗಳನ್ನು ನ್ಯಾಯಾಲಯದಲ್ಲಿ ಪ್ರಶ್ನಿಸುವ ಕುರಿತು ವಕೀಲರೊಬ್ಬರು ಚಿಕ್ಕಮಗಳೂರಿನಲ್ಲಿ ಬೆಳೆಗಾರರು ಹಾಗೂ ನಿವೃತ್ತ ನೌಕರರ ಮುಂದೆ ನೀಡಿದ ಉಪನ್ಯಾಸದ ಬರಹ ರೂಪ)

ಈ ಸಭೆಯಲ್ಲಿ ಕಾಫಿ ಬೆಳೆಗಾರರಿದ್ದೀರಿ, ನಿವೃತ್ತ ಶಿಕ್ಷಕರಿದ್ದೀರಿ, ಇಲಾಖೆಗಳ ಗುತ್ತಿಗೆ ಕೆಲಸ ಮಾಡಿಸುವವರೂ ಕೆಲವರಿದ್ದೀರಿ. ನಿಮ್ಮ ಕಸುಬುಗಳು ಬೇರೆ ಬೇರೆಯಾದರೂ ಸರ್ಕಾರದಿಂದ ಬರುವ ವಸೂಲಾತಿ ನೋಟಿಸಿನ ಕೊನೆಯ ವಾಕ್ಯ ಮಾತ್ರ ಎಲ್ಲರಿಗೂ ಹೆಚ್ಚುಕಡಿಮೆ ಒಂದೇ ಆಗಿರುತ್ತದೆ: ನಿಗದಿತ ದಿನಗಳ ಒಳಗಾಗಿ ಹಣ ಪಾವತಿಸತಕ್ಕದ್ದು, ತಪ್ಪಿದಲ್ಲಿ ಭೂ ಕಂದಾಯ ಬಾಕಿಯಂತೆ ವಸೂಲು ಮಾಡಲಾಗುವುದು. ಈ ಒಂದು ವಾಕ್ಯವನ್ನು ಓದಿದ ಕೂಡಲೇ ಹೆಚ್ಚಿನವರು ಎರಡರಲ್ಲಿ ಒಂದನ್ನು ಮಾಡುತ್ತಾರೆ. ಹೆದರಿ, ಕೇಳಿದಷ್ಟನ್ನೂ ಎಲ್ಲಿಂದಲಾದರೂ ಹೊಂದಿಸಿ ಕಟ್ಟುತ್ತಾರೆ. ಇಲ್ಲವೇ ಲಕೋಟೆಯನ್ನು ಹಳೆಯ ಪಹಣಿಗಳ ಜೊತೆ ಬೀರುವಿನಲ್ಲಿಟ್ಟು ಸುಮ್ಮನಾಗುತ್ತಾರೆ. ಎರಡಕ್ಕೂ ಮೊದಲು ಕೇಳಬೇಕಾದ ಒಂದು ಪ್ರಶ್ನೆ ಇದೆ. ಈ ಹಣವನ್ನು ನಾನು ಕೊಡಬೇಕೆಂದು ತೀರ್ಮಾನಿಸಿದವರು ಯಾರು, ಯಾವಾಗ, ನನ್ನ ಮಾತು ಕೇಳಿಯೋ ಕೇಳದೆಯೋ? ಇಂದು ನಾನು ಹೇಳಬೇಕೆಂದಿರುವುದೆಲ್ಲ ಈ ಪ್ರಶ್ನೆಯ ಸುತ್ತಲೇ ಇದೆ.

ವಸೂಲು ಮಾಡುವ ಅಧಿಕಾರ ಬೇರೆ, ಬಾಕಿ ಇದೆಯೆಂದು ನಿರ್ಣಯಿಸುವ ಅಧಿಕಾರ ಬೇರೆ. 1964ರ ಕರ್ನಾಟಕ ಭೂ ಕಂದಾಯ ಅಧಿನಿಯಮವು ತಹಶೀಲ್ದಾರರಿಗೆ ಜಪ್ತಿ ಮತ್ತು ಹರಾಜಿನ ದಾರಿಗಳನ್ನು ಕೊಟ್ಟಿದೆ. ಅದರ 190ನೇ ಕಲಂ ಭೂ ಕಂದಾಯವಲ್ಲದ ಇತರ ಕೆಲವು ಸರ್ಕಾರಿ ಬಾಕಿಗಳನ್ನೂ ಅದೇ ದಾರಿಯಲ್ಲಿ ವಸೂಲು ಮಾಡಲು ಅವಕಾಶ ನೀಡುತ್ತದೆ. 1979ರ ಕರ್ನಾಟಕ ಸಾರ್ವಜನಿಕ ಹಣ ಬಾಕಿ ವಸೂಲಿ ಅಧಿನಿಯಮವು ಸರ್ಕಾರದ ಯೋಜನೆಗಳ ಅಡಿ ನಿಗಮಗಳು, ಬ್ಯಾಂಕುಗಳು ಕೊಟ್ಟ ಸಾಲಗಳಿಗೂ ಇದೇ ಬಗೆಯ ವಸೂಲಾತಿಯನ್ನು ವಿಸ್ತರಿಸಿತು. ಇವೆಲ್ಲವೂ ಹೇಳುವುದು ಹಣವನ್ನು ಹೇಗೆ ಎತ್ತಬೇಕು ಎಂಬುದನ್ನು. ಆ ಹಣ ನಿಜವಾಗಿ ಬಾಕಿ ಇದೆಯೇ ಎಂಬ ವಿವಾದವನ್ನು ವಸೂಲಿಗೆ ಬಂದ ಅಧಿಕಾರಿ ತಾನಾಗಿ ಇತ್ಯರ್ಥ ಮಾಡುವಂತಿಲ್ಲ.

ಈ ಮಾತಿಗೆ ನಮ್ಮ ಪಕ್ಕದ ತೀರ್ಥಹಳ್ಳಿಯ ಪ್ರಕರಣವೊಂದು ಆಧಾರವಾಗಿದೆ. ನಮ್ಮ ಮಲೆನಾಡಿನ ಒಂದು ಅಕ್ಕಿ ಗಿರಣಿಯ ಜಗಳ ಸರ್ವೋಚ್ಚ ನ್ಯಾಯಾಲಯದವರೆಗೆ ಹೋಗಿ, ಇಂದಿಗೂ ದೇಶದ ನ್ಯಾಯಾಲಯಗಳಲ್ಲಿ ಉಲ್ಲೇಖವಾಗುತ್ತಿದೆ ಎಂಬುದು ನಮ್ಮಲ್ಲೇ ಅನೇಕರಿಗೆ ತಿಳಿಯದು. ಭತ್ತ ಸಂಗ್ರಹಣೆ ಮತ್ತು ಅಕ್ಕಿ ಮಾಡಿಸುವ ಕುರಿತು ಶ್ರೀ ರಾಮೇಶ್ವರ ರೈಸ್ ಮಿಲ್ಸ್ ರಾಜ್ಯ ಸರ್ಕಾರದೊಂದಿಗೆ ಕರಾರು ಮಾಡಿಕೊಂಡಿತ್ತು. ಕರಾರಿನ ಷರತ್ತು ಮುರಿದರೆ ಸರ್ಕಾರವೇ ನಷ್ಟವನ್ನು ಲೆಕ್ಕ ಹಾಕಿ, ಅದನ್ನು ಭೂ ಕಂದಾಯ ಬಾಕಿಯಂತೆ ವಸೂಲು ಮಾಡಬಹುದೆಂಬ ಕಲಮು ಅದರಲ್ಲಿತ್ತು. ಗಿರಣಿಯವರು ತಾವು ಷರತ್ತು ಮುರಿದೇ ಇಲ್ಲ ಎಂದರು. ಸರ್ಕಾರ ಮುರಿದಿದ್ದಾರೆ ಎಂದಿತು. ಸರ್ವೋಚ್ಚ ನ್ಯಾಯಾಲಯವು 1987ರಲ್ಲಿ ರಾಜ್ಯದ ಮೇಲ್ಮನವಿಯನ್ನು ತಿರಸ್ಕರಿಸಿತು. ಷರತ್ತು ಮುರಿದದ್ದನ್ನು ಎದುರಾಳಿ ಒಪ್ಪಿಕೊಂಡಿದ್ದರೆ ಅಥವಾ ಆ ಬಗ್ಗೆ ವಿವಾದವೇ ಇಲ್ಲದಿದ್ದರೆ ಅಧಿಕಾರಿಯು ನಷ್ಟವನ್ನು ಲೆಕ್ಕ ಹಾಕಬಹುದು. ಆದರೆ ಮುರಿದದ್ದು ಹೌದೋ ಅಲ್ಲವೋ ಎಂಬುದೇ ವಿವಾದವಾಗಿರುವಾಗ, ಕರಾರಿನ ಒಂದು ಪಕ್ಷವಾಗಿರುವ ಸರ್ಕಾರದ ಅಧಿಕಾರಿಯೇ ಅದನ್ನು ತೀರ್ಮಾನಿಸುವುದು ಸಾಧ್ಯವಿಲ್ಲ, ಅದನ್ನು ಸ್ವತಂತ್ರವಾದ ಪ್ರಾಧಿಕಾರವೊಂದು ನಿರ್ಣಯಿಸಬೇಕು ಎಂಬುದು ಆ ತೀರ್ಪಿನ ಸಾರ. ತನ್ನ ಮೊಕದ್ದಮೆಗೆ ತಾನೇ ನ್ಯಾಯಾಧೀಶನಾಗಲು ಬರುವುದಿಲ್ಲ ಎಂಬ ಹಳೆಯ ನ್ಯಾಯವೇ ಇದು.

ಇಲ್ಲಿ ಕುಳಿತಿರುವ ಗುತ್ತಿಗೆದಾರರು ಇದನ್ನು ವಿಶೇಷವಾಗಿ ಗಮನಿಸಬೇಕು. ಮುಗಿಸದ ಕೆಲಸಕ್ಕೆ, ಕಳಪೆ ಎನ್ನಲಾದ ಕಾಮಗಾರಿಗೆ ಇಲಾಖೆಯು ಒಂದು ಮೊತ್ತವನ್ನು ತಾನೇ ಬರೆದು ತಹಶೀಲ್ದಾರರಿಗೆ ಕಳುಹಿಸಿದಾಗ, ನೀವು ಮೊದಲ ದಿನವೇ ಲಿಖಿತವಾಗಿ ‘ನಾನು ಕರಾರು ಮುರಿದಿಲ್ಲ’ ಎಂದು ಕಾರಣಸಹಿತ ತಿಳಿಸಿದ್ದೀರೋ ಇಲ್ಲವೋ ಎಂಬುದರ ಮೇಲೆ ನಿಮ್ಮ ಪ್ರಕರಣದ ಬಲ ನಿಂತಿರುತ್ತದೆ. ಮೌನವಾಗಿದ್ದವನು ವಿವಾದವನ್ನೇ ಎತ್ತಿರಲಿಲ್ಲ ಎಂದು ಸರ್ಕಾರಿ ವಕೀಲರು ಹೇಳದೆ ಬಿಡುವುದಿಲ್ಲ.

ಆದ್ದರಿಂದ ಕೈಗೆ ಬಂದ ಕಾಗದವು ಯಾವ ಹಂತದ್ದು ಎಂಬುದನ್ನು ಗುರುತಿಸಿಕೊಳ್ಳಿ. ಕಾರಣ ಕೇಳುವ ನೋಟಿಸ್ ಆಗಿದ್ದರೆ ಇನ್ನೂ ಏನೂ ತೀರ್ಮಾನವಾಗಿಲ್ಲ ಎಂದು ಅರ್ಥ. ಅದಕ್ಕೆ ಉತ್ತರ ಕೊಡಬೇಕೇ ಹೊರತು ನೇರವಾಗಿ ಹೈಕೋರ್ಟಿಗೆ ಓಡಬಾರದು, ಓಡಿದರೂ ಅಧಿಕಾರವೇ ಇಲ್ಲದವರು ಹೊರಡಿಸಿದ್ದು ಅಥವಾ ತೀರ್ಮಾನವನ್ನು ಮೊದಲೇ ಮಾಡಿಕೊಂಡು ಹೊರಡಿಸಿದ್ದು ಎಂಬಂಥ ಸಂದರ್ಭಗಳನ್ನು ಬಿಟ್ಟರೆ ನ್ಯಾಯಾಲಯವು ಸಾಮಾನ್ಯವಾಗಿ ಉತ್ತರ ಕೊಡಲು ಹೇಳಿ ವಾಪಸು ಕಳುಹಿಸುತ್ತದೆ. ಆದೇಶವಾಗಿದ್ದರೆ ಅದರ ವಿರುದ್ಧ ಮೇಲ್ಮನವಿಯ ಗಡಿಯಾರ ಅದು ತಲುಪಿದ ದಿನದಿಂದಲೇ ಓಡತೊಡಗಿರುತ್ತದೆ. ಮೂರನೆಯದು ಬರಿಯ ಬೇಡಿಕೆ ನೋಟಿಸ್. ಅದರ ಹಿಂದೆ ಒಂದು ಆದೇಶ ಇರಲೇಬೇಕು. ಆ ಆದೇಶ ನಿಮಗೆ ತಲುಪಿಯೇ ಇಲ್ಲವಾದರೆ ಅದರ ದೃಢೀಕೃತ ನಕಲನ್ನು ಕೇಳುವುದು ಮೊದಲ ಕೆಲಸ. ಮಾಹಿತಿ ಹಕ್ಕು ಅಧಿನಿಯಮದ ಅಡಿ 10 ರೂಪಾಯಿ ಶುಲ್ಕದ ಅರ್ಜಿಗೆ 30 ದಿನಗಳಲ್ಲಿ ಉತ್ತರ ಬರಬೇಕು. ಆದರೆ ಅಷ್ಟು ದಿನ ಜಪ್ತಿ ತಂಡ ಕಾಯುತ್ತದೆ ಎಂಬ ಖಾತರಿ ಇಲ್ಲದಿರುವುದರಿಂದ, ಆಕ್ಷೇಪಣೆಯನ್ನೂ ಅದೇ ದಿನ ಕೊಡಿ. ಕೊಡುವಾಗ ಕಚೇರಿಯ ಟಪಾಲು ವಿಭಾಗದಲ್ಲಿ ನಿಮ್ಮ ಪ್ರತಿಯ ಮೇಲೆ ಮೊಹರು ಮತ್ತು ದಿನಾಂಕ ಹಾಕಿಸಿಕೊಳ್ಳಿ; ಹಾಕಿಕೊಡಲು ಒಪ್ಪದಿದ್ದರೆ ಅಲ್ಲಿ ವಾದ ಮಾಡುತ್ತ ನಿಲ್ಲದೆ ನೋಂದಾಯಿತ ಅಂಚೆಯಲ್ಲಿ ಸ್ವೀಕೃತಿಯೊಂದಿಗೆ ಕಳುಹಿಸಿ.

ನೋಟಿಸಿನಲ್ಲಿ ಬರೆದಿರುವ ಕಾರಣವನ್ನು ಅಕ್ಷರ ಅಕ್ಷರವಾಗಿ ಓದಿ ಎಂದು ನಾನು ಕಕ್ಷಿದಾರರಿಗೆ ಹೇಳುವುದುಂಟು. 1977ರ ಮೊಹಿಂದರ್ ಸಿಂಗ್ ಗಿಲ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು, ಆದೇಶವೊಂದರ ಸಿಂಧುತ್ವವನ್ನು ಅದರಲ್ಲಿಯೇ ನಮೂದಿಸಿದ ಕಾರಣಗಳಿಂದ ಅಳೆಯಬೇಕು, ನಂತರ ನ್ಯಾಯಾಲಯಕ್ಕೆ ಸಲ್ಲಿಸುವ ಪ್ರಮಾಣಪತ್ರದ (ಅಫಿಡವಿಟ್) ಮೂಲಕ ಹೊಸ ಕಾರಣಗಳನ್ನು ತುಂಬಲು ಬರುವುದಿಲ್ಲ ಎಂದಿತು. ಆ ಪ್ರಕರಣ ಚುನಾವಣೆಗೆ ಸಂಬಂಧಿಸಿದ್ದು. ವಸೂಲಾತಿಗೂ ಅದಕ್ಕೂ ಏನು ನಂಟು ಎಂದು ಕೇಳಬಹುದು. ಆದರೆ ಸರ್ಕಾರದ ಯಾವ ಆದೇಶಕ್ಕೂ ಈ ತತ್ವ ಅನ್ವಯಿಸುತ್ತದೆ. ‘ಲೆಕ್ಕಪರಿಶೋಧನಾ ಆಕ್ಷೇಪಣೆಯ ಮೇರೆಗೆ’ ಎಂಬ ಒಂದೇ ಸಾಲಿನ ಕಾರಣ ಕೊಟ್ಟು ಲಕ್ಷಾಂತರ ರೂಪಾಯಿ ಕೇಳಿದ ನೋಟಿಸುಗಳನ್ನು ನಾನು ನೋಡಿದ್ದೇನೆ. ಲೆಕ್ಕಪರಿಶೋಧಕರ ಆಕ್ಷೇಪಣೆಯು ಇಲಾಖೆಗೆ ಕೇಳಿದ ಪ್ರಶ್ನೆಯೇ ಹೊರತು ನಿಮ್ಮ ವಿರುದ್ಧದ ತೀರ್ಪಲ್ಲ.

ಇನ್ನು ನಿವೃತ್ತರ ವಿಷಯಕ್ಕೆ ಬರುತ್ತೇನೆ. ಇಲ್ಲಿ ಬಂದಿರುವವರಲ್ಲಿ ಅರ್ಧದಷ್ಟು ಜನ ಇದಕ್ಕೇ ಬಂದಿದ್ದೀರೆಂದು ಸಂಘಟಕರು ಹೇಳಿದರು. ಉದಾಹರಣೆಗೆ ತರೀಕೆರೆಯ ಪ್ರಾಥಮಿಕ ಶಾಲಾ ಶಿಕ್ಷಕಿಯೊಬ್ಬರಿಗೆ ಇಪ್ಪತ್ತು ವರ್ಷಗಳ ಹಿಂದೆ ಒಂದು ವೇತನ ಬಡ್ತಿಯನ್ನು ತಪ್ಪಾಗಿ ಕೊಡಲಾಗಿತ್ತು ಎಂದುಕೊಳ್ಳಿ. ಕೇಳಿದ್ದು ಅವರಲ್ಲ, ಮಂಜೂರು ಮಾಡಿದ್ದು ಕಚೇರಿ. ಪಿಂಚಣಿ ಕಾಗದಗಳು ಹೊರಡುವ ಹೊತ್ತಿಗೆ ಅದು ಯಾರದೋ ಕಣ್ಣಿಗೆ ಬಿದ್ದು, ಉಪದಾನದಿಂದ (ಗ್ರಾಚ್ಯುಟಿ) ಇಡೀ ಮೊತ್ತವನ್ನು ಕಡಿತಗೊಳಿಸುವ ನೋಟಿಸ್ ಬರುತ್ತದೆ. ಪಂಜಾಬ್ ರಾಜ್ಯ ವಿರುದ್ಧ ರಫೀಕ್ ಮಸೀಹ್ ಪ್ರಕರಣದಲ್ಲಿ 2014ರ ಡಿಸೆಂಬರ್‌ನಲ್ಲಿ ಸರ್ವೋಚ್ಚ ನ್ಯಾಯಾಲಯವು ಇಂಥ ವಸೂಲಿ ಎಲ್ಲೆಲ್ಲಿ ಸಲ್ಲದು ಎಂಬುದನ್ನು ಹೇಳಿದೆ. ಮೂರನೇ ಮತ್ತು ನಾಲ್ಕನೇ ದರ್ಜೆಯ, ಅಂದರೆ ನಮ್ಮಲ್ಲಿ ಸಿ ಮತ್ತು ಡಿ ವೃಂದದ ನೌಕರರಿಂದ ಸಲ್ಲದು. ನಿವೃತ್ತರಾದವರಿಂದ ಅಥವಾ ಒಂದು ವರ್ಷದೊಳಗೆ ನಿವೃತ್ತರಾಗುವವರಿಂದ ಸಲ್ಲದು. ಹೆಚ್ಚುವರಿ ಪಾವತಿಯು ವಸೂಲಿ ಆದೇಶಕ್ಕೆ ಮೊದಲು ಐದು ವರ್ಷಗಳಿಗೂ ಮಿಕ್ಕಿ ನಡೆದಿದ್ದರೆ ಸಲ್ಲದು. ಮೇಲಿನ ಹುದ್ದೆಯ ಕೆಲಸವನ್ನು ತಪ್ಪಾಗಿ ಮಾಡಿಸಿಕೊಂಡು ಅದಕ್ಕೆ ತಕ್ಕ ವೇತನ ಕೊಟ್ಟಿದ್ದರೆ, ಅದನ್ನೂ ಹಿಂದಕ್ಕೆ ಕೇಳುವಂತಿಲ್ಲ. ಇವುಗಳಲ್ಲಿ ಯಾವುದಕ್ಕೂ ಸೇರದಿದ್ದರೂ, ವಸೂಲಿಯಿಂದ ಆಗುವ ಅನ್ಯಾಯವು ಸರ್ಕಾರದ ವಸೂಲಿ ಹಕ್ಕನ್ನು ಮೀರುವಷ್ಟು ಕಠೋರವಾಗಿದ್ದರೆ ನ್ಯಾಯಾಲಯ ತಡೆಯಬಹುದು. ನಮ್ಮ ಉದಾಹರಣೆಯ ಶಿಕ್ಷಕಿಗೆ ಒಂದಲ್ಲ, ಮೂರು ಕಾರಣಗಳು ಸಿಗುತ್ತವೆ.

2022ರ ಥಾಮಸ್ ಡೇನಿಯಲ್ ಪ್ರಕರಣವೂ ಕೇರಳದ ಒಬ್ಬ ನಿವೃತ್ತ ಮುಖ್ಯೋಪಾಧ್ಯಾಯರದ್ದೇ. ಅವರು ವಂಚನೆಯಿಂದಾಗಲೀ ತಪ್ಪು ಮಾಹಿತಿ ಕೊಟ್ಟಾಗಲೀ ಹಣ ಪಡೆದಿರಲಿಲ್ಲ, ನಿಯಮವನ್ನು ತಪ್ಪಾಗಿ ಅರ್ಥೈಸಿದ್ದು ಇಲಾಖೆಯೇ ಎಂಬ ಕಾರಣಕ್ಕೆ ವಸೂಲಿಯನ್ನು ರದ್ದುಪಡಿಸಲಾಯಿತು. ಆದರೆ ಈ ತೀರ್ಪುಗಳನ್ನು ಕೇಳಿ ನಿಶ್ಚಿಂತರಾಗಬೇಡಿ. ವೇತನ ನಿಗದಿಯ ಸಮಯದಲ್ಲಿ ‘ಹೆಚ್ಚುವರಿ ಪಾವತಿಯಾಗಿದ್ದರೆ ಹಿಂದಿರುಗಿಸುತ್ತೇನೆ’ ಎಂದು ಒಂದು ಮುಚ್ಚಳಿಕೆಗೆ ಸಹಿ ಹಾಕಿರುತ್ತೀರಿ. ಅಂಥ ಮುಚ್ಚಳಿಕೆ ಬರೆದುಕೊಟ್ಟವರು ಅದಕ್ಕೆ ಬದ್ಧರು ಎಂದು 2016ರ ಜಗದೇವ್ ಸಿಂಗ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವೇ ಹೇಳಿದೆ. ಅಲ್ಲಿ ಸಹಿ ಮಾಡಿದವರು ಒಬ್ಬ ನ್ಯಾಯಾಂಗ ಅಧಿಕಾರಿ. ನಿಮ್ಮ ಸೇವಾ ಪುಸ್ತಕದ ಜೊತೆಗೆ ಆ ಮುಚ್ಚಳಿಕೆಯ ನಕಲನ್ನೂ ತರಿಸಿ ನೋಡಿದ ಮೇಲೆಯೇ ವಕೀಲರು ಅಭಿಪ್ರಾಯ ಹೇಳಬೇಕು. ಅದಿಲ್ಲದೆ ಹೇಳಿದ ಧೈರ್ಯದ ಮಾತಿಗೆ ಬೆಲೆಯಿಲ್ಲ.

ಇದಕ್ಕಿಂತ ಭಿನ್ನವಾದದ್ದು, ನೌಕರನ ದುರ್ನಡತೆಯಿಂದ ಸರ್ಕಾರಕ್ಕೆ ನಷ್ಟವಾಯಿತು ಎಂದು ಪಿಂಚಣಿಯಿಂದ ವಸೂಲು ಮಾಡುವುದು. ಅದಕ್ಕೆ ಕರ್ನಾಟಕ ನಾಗರಿಕ ಸೇವಾ ನಿಯಮಗಳ 214ನೇ ನಿಯಮದ ಅಡಿ ವಿಚಾರಣೆ ನಡೆಯಬೇಕು. ನಿವೃತ್ತಿಯ ನಂತರ ಇಲಾಖಾ ವಿಚಾರಣೆಯನ್ನು ಹೊಸದಾಗಿ ಆರಂಭಿಸುವುದಾದರೆ, ಅದಕ್ಕೆ ನಾಲ್ಕು ವರ್ಷಗಳಿಗೂ ಹಿಂದೆ ನಡೆದ ಘಟನೆಯನ್ನು ಆಧಾರ ಮಾಡಿಕೊಳ್ಳಲು ಬರುವುದಿಲ್ಲ.

ಹಳೆಯ ಸಾಲಗಳ ಬಗ್ಗೆ ಒಬ್ಬರು ಚೀಟಿ ಕಳುಹಿಸಿದ್ದಾರೆ. ತಂದೆಯವರು ನಿಗಮವೊಂದರಿಂದ ಕೊಳವೆ ಬಾವಿಗೆ ಪಡೆದ ಸಾಲಕ್ಕೆ ಹದಿನೈದು ವರ್ಷಗಳ ನಂತರ ಮಗನಿಗೆ ನೋಟಿಸ್ ಬಂದಿದೆಯಂತೆ. ಇದರಲ್ಲಿ ಎರಡು ಪ್ರಶ್ನೆಗಳಿವೆ. ಮೊದಲನೆಯದು ಕಾಲಮಿತಿ. ಕೇಂದ್ರ ಅಥವಾ ರಾಜ್ಯ ಸರ್ಕಾರವೇ ಹೂಡುವ ದಾವೆಗೆ ಕಾಲಪರಿಮಿತಿ ಅಧಿನಿಯಮವು 30 ವರ್ಷಗಳ ಅವಧಿ ಕೊಟ್ಟಿದೆ, ಆದರೆ ಆ ಸೌಲಭ್ಯ ನಿಗಮಗಳಿಗಿಲ್ಲ. ಸಾಮಾನ್ಯ ಸಾಲಕ್ಕೆ ಮೂರು ವರ್ಷ, ಅಡಮಾನದ ಸಾಲಕ್ಕೆ ಹನ್ನೆರಡು ವರ್ಷ. ದಾವೆಯ ಅವಧಿ ಮೀರಿದ ಸಾಲವನ್ನು ಕಂದಾಯ ಬಾಕಿಯೆಂದು ಹೆಸರಿಸಿ ವಸೂಲು ಮಾಡಲು ಬರುತ್ತದೆಯೇ ಎಂಬ ಪ್ರಶ್ನೆಗೆ, 1999ರ ಕೇರಳ ರಾಜ್ಯ ವಿರುದ್ಧ ಕಲ್ಯಾಣಿಕುಟ್ಟಿ ತೀರ್ಪು ಬರುವುದಿಲ್ಲ ಎಂದು ಉತ್ತರಿಸಿತು. ವಸೂಲಾತಿ ಕಾಯ್ದೆಯು ಶೀಘ್ರವಾದ ದಾರಿಯನ್ನಷ್ಟೇ ಕೊಡುತ್ತದೆ, ಹೊಸ ಹಕ್ಕನ್ನು ಸೃಷ್ಟಿಸುವುದಿಲ್ಲ ಎಂಬುದು ಅಲ್ಲಿನ ತರ್ಕ; ನಾನು ಆರಂಭದಲ್ಲಿ ಹೇಳಿದ ಭೇದವೇ ಅಲ್ಲಿಯೂ ಕೆಲಸ ಮಾಡಿತು. ಆದರೆ 2024ರಲ್ಲಿ ಹರಿಯಾಣದ ಒಂದು ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯದ ದ್ವಿಸದಸ್ಯ ಪೀಠವು ಈ ತೀರ್ಪನ್ನು ಮರುಪರಿಶೀಲಿಸಬೇಕೆಂದು ವಿಷಯವನ್ನು ವಿಸ್ತೃತ ಪೀಠಕ್ಕೆ ಒಪ್ಪಿಸಿದೆ. ಅಲ್ಲಿ ಚರ್ಚೆಗೆ ಬಂದ ಹರಿಯಾಣದ ಅಧಿನಿಯಮವೂ ನಮ್ಮದರಂತೆಯೇ 1979ರದ್ದು ಎಂಬುದನ್ನು ನೆನಪಿಡಿ. ಆದ್ದರಿಂದ ಕಾಲಮಿತಿಯೊಂದನ್ನೇ ನಂಬಿ ಅರ್ಜಿ ಬರೆಸಬೇಡಿ, ಲೆಕ್ಕದ ತಪ್ಪು, ಬಡ್ಡಿಯ ದರ, ನೋಟಿಸಿನ ದೋಷ, ಇವೆಲ್ಲವೂ ಅರ್ಜಿಯಲ್ಲಿರಲಿ.

ಇದೇ ಸಂದರ್ಭದಲ್ಲಿ ಒಂದು ಎಚ್ಚರಿಕೆ. ಸಾಲ ವಸೂಲಾತಿ ಶಿಬಿರಗಳಲ್ಲಿ ‘ಸುಮ್ಮನೆ ಒಂದು ಸಹಿ’ ಕೇಳುತ್ತಾರೆ. ಅವಧಿಯೊಳಗೆ ಬಾಕಿಯನ್ನು ಲಿಖಿತವಾಗಿ ಒಪ್ಪಿಕೊಂಡರೆ ಅಂದಿನಿಂದ ಹೊಸ ಅವಧಿ ಶುರುವಾಗುತ್ತದೆ. ಅವಧಿ ಮೀರಿದ ಮೇಲೂ ಹಣ ಕೊಡುತ್ತೇನೆಂದು ಬರೆದು ಸಹಿ ಹಾಕಿದರೆ, ಕರಾರು ಅಧಿನಿಯಮದ 25ನೇ ಕಲಮಿನ ಪ್ರಕಾರ ಅದೇ ಹೊಸ ಕರಾರಾಗಿ ಸತ್ತ ಸಾಲಕ್ಕೆ ಜೀವ ಬರುತ್ತದೆ. ನಮ್ಮ ಕಡೆಯ ಜನ ಎದುರಿಗೆ ಕುಳಿತ ಅಧಿಕಾರಿಗೆ ಇಲ್ಲವೆನ್ನಲು ಬಹಳ ಸಂಕೋಚಪಡುತ್ತಾರೆ. ಆ ಸಂಕೋಚವೇ ಎಷ್ಟೋ ಮೊಕದ್ದಮೆಗಳನ್ನು ಸೋಲಿಸಿದೆ.

ಎರಡನೆಯ ಪ್ರಶ್ನೆ ವಾರಸುದಾರರದ್ದು. ತಂದೆಯ ಸಾಲಕ್ಕೆ ಮಗ ಹೊಣೆಯಾಗುವುದು ತಂದೆಯಿಂದ ಅವನ ಕೈಗೆ ಬಂದ ಆಸ್ತಿಯ ಮಟ್ಟಿಗೆ ಮಾತ್ರ. ಮಗನ ಸ್ವಂತ ಸಂಪಾದನೆಯ ಮೇಲೆ ಕೈ ಹಾಕುವಂತಿಲ್ಲ. ಜಾಮೀನು ನಿಂತವರ ಸ್ಥಿತಿ ಇಷ್ಟು ಸುಲಭವಲ್ಲ. ಬೇರೆ ಕರಾರು ಇಲ್ಲದಿದ್ದರೆ ಸಾಲಗಾರನಷ್ಟೇ ಹೊಣೆ ಜಾಮೀನುದಾರನಿಗೂ ಇದೆ, ಮೊದಲು ಅವನನ್ನು ಹಿಡಿಯಿರಿ ಎಂದು ಹೇಳಿ ಪಾರಾಗಲು ಕಾನೂನು ಬಿಡುವುದಿಲ್ಲ.

ಈಗ ಯಾವ ಬಾಗಿಲು ತಟ್ಟಬೇಕು ಎಂಬ ವಿಚಾರ. ತಪ್ಪು ಬಾಗಿಲು ತಟ್ಟಿ ಕಳೆದುಕೊಂಡ ತಿಂಗಳುಗಳಲ್ಲಿಯೇ ಹರಾಜು ಮುಗಿದುಹೋಗಿರುವುದುಂಟು. ಭೂ ಕಂದಾಯ ಅಧಿನಿಯಮದ ಅಡಿ ತಹಶೀಲ್ದಾರರು ಮಾಡಿದ ಆದೇಶದ ವಿರುದ್ಧ ಉಪವಿಭಾಗಾಧಿಕಾರಿಗೆ ಮೇಲ್ಮನವಿ ಸಲ್ಲುತ್ತದೆ. ಈ ಜಿಲ್ಲೆಯಲ್ಲಾದರೆ ಚಿಕ್ಕಮಗಳೂರು ಅಥವಾ ತರೀಕೆರೆ, ಹಾಸನ ಜಿಲ್ಲೆಯಲ್ಲಾದರೆ ಹಾಸನ ಅಥವಾ ಸಕಲೇಶಪುರ. ರಾಜ್ಯ ಸರ್ಕಾರಿ ನೌಕರರ ವೇತನ, ಪಿಂಚಣಿಯ ವಸೂಲಿಯಾದರೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಬೇಕು, ಅದೂ ಸಾಮಾನ್ಯವಾಗಿ ಅಂತಿಮ ಆದೇಶದಿಂದ ಒಂದು ವರ್ಷದೊಳಗೆ. ನೇರವಾಗಿ ಹೈಕೋರ್ಟಿಗೆ ಹೋದವರನ್ನು 1997ರ ಚಂದ್ರಕುಮಾರ್ ತೀರ್ಪಿನ ಆಧಾರದ ಮೇಲೆ ನ್ಯಾಯಮಂಡಳಿಗೇ ಕಳುಹಿಸಲಾಗುತ್ತದೆ. ಜಿಎಸ್‌ಟಿ ಆದೇಶಕ್ಕೆ ಮೂರು ತಿಂಗಳೊಳಗೆ ಮೇಲ್ಮನವಿ ಸಲ್ಲಿಸಬೇಕು ಮತ್ತು ವಿವಾದಿತ ತೆರಿಗೆಯ ಶೇ. 10ರಷ್ಟನ್ನು ಮೊದಲು ಕಟ್ಟಬೇಕು. ಅನಧಿಕೃತ ಬಳಕೆ ಎಂದು ವಿದ್ಯುತ್ ಕಂಪನಿಯು ವಿದ್ಯುತ್ ಅಧಿನಿಯಮದ 126ನೇ ಕಲಮಿನ ಅಡಿ ಹೊರಿಸಿದ ಮೊತ್ತಕ್ಕೆ 30 ದಿನಗಳ ಒಳಗೆ, ಅರ್ಧದಷ್ಟು ಹಣ ಠೇವಣಿ ಇಟ್ಟು ಮೇಲ್ಮನವಿ ಸಲ್ಲಿಸಬೇಕು. ಅಲ್ಲಿ ಸಿವಿಲ್ ನ್ಯಾಯಾಲಯದ ಬಾಗಿಲು ಮುಚ್ಚಿದೆ.

ಸಿವಿಲ್ ದಾವೆ ಹೂಡಲು ಅವಕಾಶವಿರುವಲ್ಲಿಯೂ ಸರ್ಕಾರದ ವಿರುದ್ಧವಾದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 80ನೇ ಕಲಮಿನಂತೆ ಎರಡು ತಿಂಗಳ ಮುಂಗಡ ನೋಟಿಸ್ ಬೇಕು. ಹರಾಜು ಮುಂದಿನ ವಾರವೇ ಇದ್ದರೆ ಅದೇ ಕಲಮಿನ ಎರಡನೇ ಉಪಕಲಮಿನ ಅಡಿ, ತುರ್ತು ಪರಿಹಾರಕ್ಕಾಗಿ ನ್ಯಾಯಾಲಯದ ಅನುಮತಿ ಪಡೆದು ನೋಟಿಸಿಲ್ಲದೆಯೇ ದಾವೆ ಹೂಡಬಹುದು.

ಸಂವಿಧಾನದ 226ನೇ ವಿಧಿಯ ಅಡಿ ನೇರವಾಗಿ ಹೈಕೋರ್ಟಿಗೆ ಹಾಕುವ ರಿಟ್ ಅರ್ಜಿಯ ಬಗ್ಗೆ ಜನರಿಗೆ ಅತಿಯಾದ ಭರವಸೆ ಇದೆ. ಬೇರೆ ಪರಿಹಾರವಿದ್ದರೆ ಮೊದಲು ಅಲ್ಲಿಗೆ ಹೋಗಿ ಎಂದು ಹೈಕೋರ್ಟ್ ಹೇಳುವುದು ರೂಢಿ. ಸಹಜ ನ್ಯಾಯದ ಉಲ್ಲಂಘನೆ, ಅಧಿಕಾರವೇ ಇಲ್ಲದವರ ಆದೇಶ, ಮೂಲಭೂತ ಹಕ್ಕಿನ ಪ್ರಶ್ನೆ, ಕಾಯ್ದೆಯ ಸಿಂಧುತ್ವವೇ ವಿವಾದವಾಗಿರುವುದು, ಇವು 1998ರ ವರ್ಲ್‌ಪೂಲ್ ಪ್ರಕರಣ ಗುರುತಿಸಿದ ಅಪವಾದಗಳು. ನಿಮ್ಮ ಮಾತನ್ನೇ ಕೇಳದೆ ಬಾಕಿ ನಿಗದಿ ಮಾಡಿದ್ದರೆ ರಿಟ್‌ಗೆ ಬಲವಿದೆ. ಎಷ್ಟು ಕಂತು ಕಟ್ಟಿದ್ದೀರಿ, ರಸೀದಿ ನಿಜವೋ ಸುಳ್ಳೋ ಎಂಬ ಸಾಕ್ಷ್ಯದ ಜಗಳವಾದರೆ ಬಲವಿಲ್ಲ. ಧಾರವಾಡ ಮತ್ತು ಕಲಬುರಗಿಯವರಿಗೆ 2008ರಿಂದ ಪೀಠಗಳು ಹತ್ತಿರ ಬಂದವು. ನಾವು ಮಾತ್ರ ಚಾರ್ಮಾಡಿ ತಪ್ಪಲಿನಿಂದಲೂ ಬೆಂಗಳೂರಿಗೇ ಹೋಗಬೇಕು ಎಂದು ಮೂಡಿಗೆರೆಯ ಗೆಳೆಯರು ಗೊಣಗುವುದರಲ್ಲಿ ನ್ಯಾಯವಿದೆ. ವಿಡಿಯೊ ಮೂಲಕ ವಿಚಾರಣೆ ಬಂದ ಮೇಲೆ ಆ ಕಷ್ಟ ಕೊಂಚ ಇಳಿದಿದೆ.

ಅರ್ಜಿ ಹಾಕಿದ ಮಾತ್ರಕ್ಕೆ ವಸೂಲಿ ನಿಲ್ಲುವುದಿಲ್ಲ. ತಡೆಯಾಜ್ಞೆಯನ್ನು ಪ್ರತ್ಯೇಕವಾಗಿ ಕೇಳಬೇಕು, ಮತ್ತು ನ್ಯಾಯಾಲಯವು ಒಂದು ಪಾಲನ್ನು ಠೇವಣಿ ಇಡಲು ಹೇಳಿದರೆ ಆ ಗಡುವಿನೊಳಗೆ ಇಡಲೇಬೇಕು. ತಪ್ಪಿದರೆ ತಡೆಯಾಜ್ಞೆ ತಾನಾಗಿಯೇ ಬಿದ್ದುಹೋಗುವಂತೆ ಆದೇಶದಲ್ಲಿ ಬರೆದಿರುತ್ತದೆ. ಬಾಕಿ ಇದೆಯೆಂದು ಬೇರೆ ಜಿಲ್ಲೆಯ ಅಧಿಕಾರಿ ಕಳುಹಿಸಿದ ಪ್ರಮಾಣಪತ್ರದ ಮೇಲೆ ಇಲ್ಲಿ ವಸೂಲಿಗೆ ಬಂದಿದ್ದರೆ, ಅಂದರೆ 1890ರ ಕಂದಾಯ ವಸೂಲಾತಿ ಅಧಿನಿಯಮದ ಅಡಿ ಬಂದಿದ್ದರೆ, ಅದರ 4ನೇ ಕಲಂ ಇನ್ನೊಂದು ದಾರಿ ಕೊಡುತ್ತದೆ: ಹಣ ಕಟ್ಟುವಾಗಲೇ ಲಿಖಿತ ಪ್ರತಿಭಟನೆಯನ್ನು ಸಹಿ ಮಾಡಿ ಕೊಟ್ಟು, ನಂತರ ಮರುಪಾವತಿಗಾಗಿ ದಾವೆ ಹೂಡಬಹುದು. ಕಾಫಿ ತೋಟದ ಹರಾಜನ್ನು ತಡೆಯಲು ಹಣ ಹೊಂದಿಸಬಲ್ಲವರಿಗೆ ಕೆಲವೊಮ್ಮೆ ಇದೇ ಕ್ಷೇಮ.

ಎಲ್ಲ ನೋಟಿಸನ್ನೂ ಪ್ರಶ್ನಿಸಬೇಕೆಂದು ನಾನು ಹೇಳುತ್ತಿಲ್ಲ. ಪಿಎಂ ಕಿಸಾನ್ ಯೋಜನೆಯ ಕಂತುಗಳನ್ನು ಆದಾಯ ತೆರಿಗೆ ಕಟ್ಟುತ್ತಿದ್ದ ಬೆಳೆಗಾರರು ಪಡೆದಿದ್ದರೆ, ಅವರು ಆ ಯೋಜನೆಗೆ ಅರ್ಹರೇ ಅಲ್ಲ. ವರ್ಷಕ್ಕೆ 6,000 ರೂಪಾಯಿಯ ಆ ಹಣವನ್ನು ಹಿಂದಿರುಗಿಸಿ ರಸೀದಿ ಪಡೆಯುವುದು ಸರಿಯಾದ ಕೆಲಸ. ಲೆಕ್ಕದಲ್ಲಿ ತಪ್ಪಿದ್ದರೆ ಅಷ್ಟನ್ನು ಮಾತ್ರ ವಿವಾದಿಸಿ, ಒಪ್ಪುವ ಮೊತ್ತವನ್ನು ಕಟ್ಟಿಬಿಡಿ. ಪೂರ್ತಿ ನಿರಾಕರಿಸಿದವನಿಗಿಂತ ನ್ಯಾಯಸಮ್ಮತವಾದಷ್ಟನ್ನು ಕಟ್ಟಿ ಬಂದವನ ಮಾತಿಗೆ ನ್ಯಾಯಾಧೀಶರು ಹೆಚ್ಚು ಕಿವಿಗೊಡುವುದನ್ನು ನಾನು ಕಂಡಿದ್ದೇನೆ. ವಕೀಲರ ಶುಲ್ಕ ಭರಿಸಲಾಗದವರು ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರವನ್ನು ಕೇಳಬಹುದು; 1987ರ ಅಧಿನಿಯಮದ ಅಡಿ ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು ಆದಾಯ ಎಷ್ಟೇ ಇದ್ದರೂ ಉಚಿತ ನೆರವಿಗೆ ಅರ್ಹರು.

ಜಪ್ತಿಯ ಜೀಪು ಅಂಗಳಕ್ಕೇ ಬಂದು ನಿಂತರೆ ಏನು ಮಾಡುವುದೆಂದು ಹಿಂದಿನ ಸಾಲಿನಿಂದ ಒಬ್ಬರು ಕೇಳುತ್ತಿದ್ದಾರೆ. ಗೇಟು ಹಾಕಿ ಅಡ್ಡ ನಿಲ್ಲಬೇಡಿ. ಕರ್ತವ್ಯನಿರತ ಸರ್ಕಾರಿ ನೌಕರನಿಗೆ ಅಡ್ಡಿಪಡಿಸುವುದು ಭಾರತೀಯ ನ್ಯಾಯ ಸಂಹಿತೆಯ 221ನೇ ಕಲಮಿನ ಅಡಿ ಅಪರಾಧ, ಸಿವಿಲ್ ಸ್ವರೂಪದ ಜಗಳವನ್ನು ನೀವೇ ಪೊಲೀಸ್ ಠಾಣೆಗೆ ಒಯ್ದಂತಾಗುತ್ತದೆ. ಜಪ್ತಿ ಆದೇಶವನ್ನು ತೋರಿಸಲು ಕೇಳಿ, ಅದರ ಸಂಖ್ಯೆ ಮತ್ತು ದಿನಾಂಕ ಬರೆದುಕೊಳ್ಳಿ. ತಡೆಯಾಜ್ಞೆ ಇದ್ದರೆ ಪ್ರತಿಯನ್ನು ಕೈಗೆ ಕೊಟ್ಟು ಸ್ವೀಕೃತಿ ಪಡೆಯಿರಿ. ಮಹಜರಿನಲ್ಲಿ ಬರೆದಿರುವ ವಸ್ತುಗಳು ಯಾರವು ಎಂಬುದನ್ನು ಗಮನಿಸಿ. ಟ್ರ್ಯಾಕ್ಟರು ತಮ್ಮನದ್ದಾಗಿದ್ದರೆ, ಒಣಗಿಸಿಟ್ಟ ಕಾಫಿ ಗುತ್ತಿಗೆ ಹಿಡಿದವನದ್ದಾಗಿದ್ದರೆ ಅದನ್ನು ಅಲ್ಲಿಯೇ ನಮೂದಿಸಲು ಹೇಳಿ. ಸಹಿ ಮಾಡಲೇಬೇಕಾಗಿ ಬಂದರೆ ‘ಬಾಕಿಯನ್ನು ಒಪ್ಪಿಲ್ಲ, ಆಕ್ಷೇಪಣೆಗೆ ಒಳಪಟ್ಟು’ ಎಂದು ಸ್ವಂತ ಕೈಬರಹದಲ್ಲಿ ಬರೆದು, ಅದರ ಕೆಳಗೆ ಸಹಿ ಮಾಡಿ, ಒಂದು ಪ್ರತಿ ಪಡೆದು, ಆ ದಿನವೇ ವಕೀಲರ ಬಳಿಗೆ ಹೋಗಿ.